ಊರಿಗೆ ಮೊಬೈಲ್ ಟವರ್ ಬರುತ್ತದೆ ಅಂದಾಗ: ತಕರಾರು ಇರುವವರು ಹಿಡಿಯಬೇಕಾದ ದಾರಿ

ಪಕ್ಕದ ತೋಟದ ಮೂಲೆಯಲ್ಲಿ ಯಾರೋ ಸುಣ್ಣದ ಪುಡಿಯಲ್ಲಿ ಚೌಕ ಗೆರೆ ಎಳೆದು ಹೋಗಿದ್ದಾರೆ. ನಾಲ್ಕು ಮೂಲೆಗೆ ನಾಲ್ಕು ಗೂಟ. ಮೆಣಸಿನ ಬಳ್ಳಿ ಹಬ್ಬಿದ್ದ ಎರಡು ಸಿಲ್ವರ್ ಓಕ್ ಮರಕ್ಕೆ ಕೆಂಪು ಬಣ್ಣದ ಗುರುತು. ಕೆಲಸದವರನ್ನು ಕೇಳಿದರೆ ‘ಟವರ್ ಬರ್ತದಂತೆ’ ಅನ್ನುತ್ತಾರೆ. ಕೊಡಗಿನ ಯಾವ ಊರಲ್ಲಾದರೂ ಇದು ನಡೆಯಬಹುದು. ನಿಮ್ಮ ತಕರಾರು ಗೆಲ್ಲುತ್ತದೋ ಸೋಲುತ್ತದೋ ಅನ್ನುವುದು ಬಹಳ ಮಟ್ಟಿಗೆ ಆ ಒಂದು ವಾರದಲ್ಲೇ ತೀರ್ಮಾನ ಆಗುತ್ತದೆ.

ನಮ್ಮೂರಲ್ಲಿ ನಾವು ಆ ವಾರವನ್ನು ಕಳೆದುಕೊಂಡೆವು. ಯಾರೋ ಕೇಳುತ್ತಾರೆ, ಯಾರೋ ನಿಲ್ಲಿಸುತ್ತಾರೆ ಅಂತ ಸುಮ್ನೆ ಇದ್ದೆವು. ಆಮೇಲೆ ಸಮಿತಿ ಮಾಡಿದೆವು, ನೂರಾರು ಸಹಿ ಹಾಕಿಸಿದೆವು, ಪತ್ರಿಕೆಯಲ್ಲಿ ಫೋಟೋ ಬಂತು. ಅಷ್ಟರಲ್ಲಿ ಕಬ್ಬಿಣದ ನಾಲ್ಕು ಕಾಲು ಎದ್ದು ನಿಂತಿದ್ದವು. ಕೋರ್ಟಿಗೆ ಹೋದಾಗ ಮೊದಲು ಬಂದ ಪ್ರಶ್ನೆ ಒಂದೇ: ‘ಇಷ್ಟು ದಿನ ಎಲ್ಲಿದ್ದಿರಿ?’ ಅದಕ್ಕೆ ನಮ್ಮ ಹತ್ತಿರ ಉತ್ತರ ಇರಲಿಲ್ಲ. ಎರಡು ವರ್ಷದ ನಂತರ ಹತ್ತಿರದ ಇನ್ನೊಂದು ಊರಿನವರಿಗೆ ಇದೇ ಸಮಸ್ಯೆ ಬಂತು. ಅವರ ಜೊತೆ ಓಡಾಡಿದೆ. ಅಲ್ಲಿ ಟವರ್ ಜಾಗ ಬದಲಾಯಿತು, ಊರಿಗೆ ನೆಟ್‌ವರ್ಕೂ ಬಂತು. ನಾನು ವಕೀಲನಲ್ಲ, ಕಾಫಿ ಬೆಳೆಗಾರ. ಎರಡೂ ಕಡೆ ಕಂಡದ್ದನ್ನು, ಆಮೇಲೆ ಕೇಳಿ ಓದಿ ತಿಳಿದದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಹೆಜ್ಜೆ 1: ಟವರೇ ಬೇಡವೋ, ಆ ಜಾಗದಲ್ಲಿ ಬೇಡವೋ?

ಇದನ್ನು ಮನೆಯಲ್ಲಿ ಕೂತು, ನೆರೆಹೊರೆಯವರ ಜೊತೆ ಕೂತು ಪ್ರಾಮಾಣಿಕವಾಗಿ ತೀರ್ಮಾನ ಮಾಡಿ. ಯಾಕೆಂದರೆ ನಮ್ಮ ಜಿಲ್ಲೆಯಲ್ಲಿ ಟವರ್ ಬೇಡ ಅನ್ನುವವರಿಗಿಂತ ಟವರ್ ಬೇಕು ಅನ್ನುವವರು ಜಾಸ್ತಿ. 2018ರ ಆಗಸ್ಟ್‌ನಲ್ಲಿ ಬೆಟ್ಟಗಳು ಜಾರಿದಾಗ ಒಳಗಿನ ಊರುಗಳಿಂದ ಒಂದು ಫೋನ್ ಬಂದರೆ ಸಾಕು ಅಂತ ಎಷ್ಟು ಮನೆಯವರು ರಾತ್ರಿಯಿಡೀ ಕಾದಿದ್ದಾರೆ. ಕೊರೊನಾ ಸಮಯದಲ್ಲಿ ಮಕ್ಕಳು ಆನ್‌ಲೈನ್ ಕ್ಲಾಸಿಗೆ ಗುಡ್ಡ ಹತ್ತಿ, ಕೊಡೆ ಹಿಡಿದು ಕೂತಿದ್ದನ್ನು ನಾವೆಲ್ಲ ನೋಡಿದ್ದೇವೆ.

ನಾನು ಹೇಳಿದ ಆ ಎರಡನೇ ಊರಿನ ಸಭೆಯಲ್ಲಿ ಒಬ್ಬ ಹಿರಿಯರು ಎದ್ದು ನಿಂತರು. ‘ಮಳೆಗಾಲದ ರಾತ್ರಿ ನನ್ನ ಹೆಂಡತಿಗೆ ಎದೆನೋವು ಬಂತು. ಆಂಬುಲೆನ್ಸ್‌ಗೆ ಫೋನ್ ಮಾಡಲು ಎರಡು ಕಿಲೋಮೀಟರ್ ಜೀಪಿನಲ್ಲಿ ಹೋಗಿ ರೇಂಜ್ ಹುಡುಕಿದೆ. ನೀವು ಟವರ್ ಬೇಡ ಅಂದರೆ ನಾನು ನಿಮ್ಮ ಜೊತೆ ಬರೋದಿಲ್ಲ’ ಅಂದರು. ಯಾರೂ ಮಾತಾಡಲಿಲ್ಲ. ಸ್ವಲ್ಪ ಹೊತ್ತಾದ ಮೇಲೆ ಒಬ್ಬ ಹುಡುಗಿ ಕೇಳಿದಳು, ‘ಮಾವ, ಟವರ್ ಬರಲಿ. ಆದರೆ ಆ ಬರೆಯ (ಕಡಿದಾದ ಮಣ್ಣಿನ ಇಳಿಜಾರಿನ) ತುದಿಯಲ್ಲಿ ಬೇಡ ಅಂದರೆ ನೀವು ಬರ್ತೀರಾ?’ ‘ಬರ್ತೇನೆ ಮಗಳೇ’ ಅಂದರು. ಆ ಒಂದು ಮಾತಿನಿಂದ ಇಡೀ ಊರು ಒಂದಾಯಿತು.

ಕೋರ್ಟಿನಲ್ಲೂ ಇದಕ್ಕೆ ಬೆಲೆ ಇದೆ. ‘ನಮಗೆ ಟವರೇ ಬೇಡ’ ಅನ್ನುವ ಅರ್ಜಿ ಸಾರ್ವಜನಿಕ ಹಿತಕ್ಕೆ ವಿರುದ್ಧವಾಗಿ ಕಾಣುತ್ತದೆ. ‘ಈ ಸರ್ವೆ ನಂಬರಿನಲ್ಲಿ ಬೇಡ, ಈ ಕಾರಣಕ್ಕೆ ಬೇಡ, ಇಗೋ ಬದಲಿ ಜಾಗ’ ಅನ್ನುವ ಅರ್ಜಿಯನ್ನು ಕಿವಿಗೊಟ್ಟು ಕೇಳುತ್ತಾರೆ.

ಹೆಜ್ಜೆ 2: ವಿಕಿರಣದ ಮಾತನ್ನು ಸರಿಯಾಗಿ ತಿಳಿದುಕೊಳ್ಳಿ

ಹೆಚ್ಚಿನ ತಕರಾರು ಅರ್ಜಿಗಳು ಶುರುವಾಗುವುದೇ ಇಲ್ಲಿಂದ: ಕ್ಯಾನ್ಸರ್ ಬರುತ್ತದೆ, ಜೇನು ಸಾಯುತ್ತದೆ, ಗುಬ್ಬಚ್ಚಿ ಇಲ್ಲವಾಗುತ್ತದೆ. ಭಯ ಸುಳ್ಳಲ್ಲ. ಮನೆಯಲ್ಲಿ ಸಣ್ಣ ಮಕ್ಕಳಿದ್ದರೆ ಯಾರಿಗಾದರೂ ಆತಂಕ ಆಗುತ್ತದೆ. ಆದರೆ ಬರೀ ಭಯವನ್ನು ಕೋರ್ಟ್ ಸಾಕ್ಷಿ ಅಂತ ತೆಗೆದುಕೊಳ್ಳುವುದಿಲ್ಲ.

ವಿಷಯ ಹೀಗಿದೆ. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2011ರ ಮೇ ತಿಂಗಳಲ್ಲಿ ರೇಡಿಯೋ ತರಂಗಗಳನ್ನು ‘2ಬಿ’ ಗುಂಪಿಗೆ ಸೇರಿಸಿತು. ಅಂದರೆ ಕ್ಯಾನ್ಸರಿಗೆ ಕಾರಣ ಆಗಬಹುದಾದ ಸಾಧ್ಯತೆ ಇದೆ, ಆದರೆ ಖಚಿತವಾದ ಪುರಾವೆ ಇಲ್ಲ. ಭಾರತ ಸರ್ಕಾರ 2012ರ ಸೆಪ್ಟೆಂಬರ್ 1ರಿಂದ ಟವರ್ ವಿಕಿರಣದ ಮಿತಿಯನ್ನು ಅಂತರರಾಷ್ಟ್ರೀಯ ಮಿತಿಯ ಹತ್ತನೇ ಒಂದು ಭಾಗಕ್ಕೆ ಇಳಿಸಿತು. ಆ ಲೆಕ್ಕದಲ್ಲಿ 900 ಮೆಗಾಹರ್ಟ್ಸ್‌ಗೆ ಚದರ ಮೀಟರಿಗೆ 0.45 ವ್ಯಾಟ್, 1800ಕ್ಕೆ 0.9 ವ್ಯಾಟ್. ಕಂಪನಿಯ ವಕೀಲರು ಕೋರ್ಟಿನಲ್ಲಿ ಮೊದಲು ಹೇಳುವುದು ಇದನ್ನೇ.

ಕೇರಳದ ಚೇಮಂಚೇರಿ ಗ್ರಾಮ ಪಂಚಾಯಿತಿ ಮತ್ತು ಒಂದು ಮೊಬೈಲ್ ಕಂಪನಿಯ ನಡುವಿನ ಕೇಸಿನಲ್ಲಿ ಕೇರಳ ಹೈಕೋರ್ಟ್ 2006ರಲ್ಲೇ ಹೇಳಿತು: ವೈಜ್ಞಾನಿಕ ಆಧಾರ ಇಲ್ಲದೆ ಆರೋಗ್ಯದ ಭಯ ಮುಂದಿಟ್ಟುಕೊಂಡು ಪಂಚಾಯಿತಿ ಟವರ್ ತಡೆಯುವಂತಿಲ್ಲ. ಬೇರೆ ಬೇರೆ ಹೈಕೋರ್ಟ್‌ಗಳೂ ಹೆಚ್ಚುಕಡಿಮೆ ಇದೇ ದಾರಿಯಲ್ಲಿ ನಡೆದಿವೆ. ಇನ್ನೊಂದು ಕಡೆಯದ್ದೂ ಇದೆ. 2017ರಲ್ಲಿ ಗ್ವಾಲಿಯರ್‌ನ ಒಬ್ಬ ಕ್ಯಾನ್ಸರ್ ರೋಗಿಯ ಅರ್ಜಿಯ ಮೇಲೆ ಸುಪ್ರೀಂ ಕೋರ್ಟ್ ಒಂದು ಟವರನ್ನು ಏಳು ದಿನದೊಳಗೆ ಬಂದ್ ಮಾಡಲು ಹೇಳಿತು. ಅದು ಆ ಒಬ್ಬರ ಸ್ಥಿತಿ ನೋಡಿ ಕೊಟ್ಟ ಆದೇಶ. ‘ಸುಪ್ರೀಂ ಕೋರ್ಟೇ ಹೇಳಿದೆ’ ಅಂತ ಅದೊಂದನ್ನೇ ನೆಚ್ಚಿ ಕೋರ್ಟಿಗೆ ಹೋಗಬೇಡಿ. ನಾವು ಅದನ್ನೇ ಮಾಡಿದ್ದೆವು.

ಹಾಗಾದರೆ ವಿಕಿರಣದ ಬಗ್ಗೆ ಮಾಡಬೇಕಾದ್ದೇನು? ಅಳೆಸುವುದು. ದೂರಸಂಪರ್ಕ ಇಲಾಖೆಯ ‘ತರಂಗ್ ಸಂಚಾರ್’ ಎಂಬ ಪೋರ್ಟಲ್ 2017ರಲ್ಲಿ ಶುರುವಾಯಿತು. ನಿಮ್ಮ ಸುತ್ತ ಯಾವ ಯಾವ ಟವರ್ ಇದೆ, ನಿಯಮ ಪಾಲಿಸುತ್ತಿದೆಯಾ ಅಂತ ಅದರಲ್ಲಿ ನೋಡಬಹುದು. 4,000 ರೂಪಾಯಿ ಕಟ್ಟಿ ಅರ್ಜಿ ಹಾಕಿದರೆ ನಿಮ್ಮ ಜಾಗದಲ್ಲೇ ಬಂದು ಅಳೆಯುತ್ತಾರೆ. ಹತ್ತು ಮನೆಯವರು ಸೇರಿದರೆ ತಲೆಗೆ 400. ಅಳೆಯುವ ದಿನ ನೀವೂ ಇರಿ. ಆ ದಿನ ಜಾರಿಯಲ್ಲಿರುವ ಮಿತಿ ಎಷ್ಟು, ಸಿಕ್ಕಿದ ಅಳತೆ ಎಷ್ಟು, ಎರಡನ್ನೂ ವರದಿಯಲ್ಲಿ ಬರೆಸಿ.

ಎಲ್ಲಿ ಅಳೆಸಬೇಕು ಅನ್ನುವುದು ಕೊಡಗಿನವರಿಗೆ ತುಂಬ ಮುಖ್ಯ. ಆಂಟೆನಾದ ತರಂಗ ಟಾರ್ಚಿನ ಬೆಳಕಿನ ಹಾಗೆ ಎದುರಿಗೆ, ಸ್ವಲ್ಪ ಕೆಳಗೆ ಬಾಗಿ ಹೋಗುತ್ತದೆ. ಟವರಿನ ಬುಡದಲ್ಲಿ ಇರುವ ಮನೆಗೆ ಅದು ಕಡಿಮೆಯೇ ತಾಗುತ್ತದೆ. ದೂರ ಹೆಚ್ಚಿದ ಹಾಗೆ ಅದರ ಬಲವೂ ಬೇಗ ಇಳಿಯುತ್ತದೆ. ಬಯಲು ಸೀಮೆಯಲ್ಲಿ ಇಷ್ಟು ಸಾಕು. ನಮ್ಮಲ್ಲಿ ಟವರ್ ಕೆಳಗಿನ ಗದ್ದೆಯ ಬದಿಯಲ್ಲಿ ಇರುತ್ತದೆ, ಮನೆ ಎದುರಿನ ಏರಿನ ಮೇಲೆ ಇರುತ್ತದೆ. ಆಗ ಆಂಟೆನಾ ಮತ್ತು ನಿಮ್ಮ ಮಹಡಿ ಒಂದೇ ಮಟ್ಟಕ್ಕೆ ಬರುತ್ತವೆ. ಇಲಾಖೆಯ ಹಳೆಯ ಮಾರ್ಗಸೂಚಿಯಲ್ಲಿ, ಆಂಟೆನಾದ ಎದುರು ಅದೇ ಎತ್ತರದಲ್ಲಿರುವ ಕಟ್ಟಡಕ್ಕೆ, ಒಂದು ಆಂಟೆನಾ ಇದ್ದರೆ 20 ಮೀಟರ್, ಎರಡಿದ್ದರೆ 35 ಮೀಟರ್ ಅಂತರ ಹೇಳಿದ್ದರು. ನಿಮ್ಮ ಮನೆ ಹಾಗೆ ಎದುರಿಗೆ ಬರುತ್ತಿದ್ದರೆ ಅಳತೆ ಟೇಪು ಹಿಡಿದು ಅಳೆದು, ನಕ್ಷೆ ಬರೆದು, ಫೋಟೋ ಸೇರಿಸಿ. ‘ವಿಕಿರಣ ಬರುತ್ತದೆ’ ಅನ್ನುವ ಮಾತಿಗಿಂತ ಆ ಒಂದು ನಕ್ಷೆಗೆ ಬೆಲೆ ಜಾಸ್ತಿ.

ಹೆಜ್ಜೆ 3: ಜಾಗದ ಕಾಗದ ತೆಗೆಸಿ

ಇಲ್ಲಿ ನಿಧಾನ ಮಾಡಬೇಡಿ. ಎರಡನೇ ಊರಿನವರ ತಕರಾರು ನಿಂತದ್ದೇ ಈ ಕಾಗದಗಳ ಮೇಲೆ.

ಮೊದಲು ಆ ಸರ್ವೆ ನಂಬರಿನ ಪಹಣಿ ತೆಗೆಸಿ. ನಾಡ ಕಚೇರಿಯಲ್ಲೂ ಸಿಗುತ್ತದೆ, ‘ಭೂಮಿ’ ಜಾಲತಾಣದಲ್ಲೂ ಸಿಗುತ್ತದೆ. 9ನೇ ಕಾಲಂ ನೋಡಿ, ಯಾರ ಹೆಸರಿದೆ? 11ನೇ ಕಾಲಂ ನೋಡಿ, ಸಾಲವೋ ತಡೆಯೋ ಏನಾದರೂ ಇದೆಯಾ?

ಕೊಡಗಿನಲ್ಲಿ ಬೇರೆ ಜಿಲ್ಲೆಯವರಿಗೆ ಅರ್ಥವಾಗದ ಒಂದು ಸಂಗತಿ ಇದೆ. ಜಮ್ಮಾ ಜಾಗದ, ಅಂದರೆ ಒಕ್ಕಕ್ಕೆ (ಕುಟುಂಬದ ಬಳಗಕ್ಕೆ) ತಲೆತಲಾಂತರದಿಂದ ಬಂದ ಜಾಗದ ಪಹಣಿಯಲ್ಲಿ ಪಟ್ಟೆದಾರರ, ಅಂದರೆ ಒಕ್ಕದ ಯಜಮಾನರ ಹೆಸರು ಇರುತ್ತದೆ, ಅದರ ಜೊತೆ ಒಕ್ಕದ ಉಳಿದವರ ಹೆಸರುಗಳೂ ಇರಬಹುದು. ಎಷ್ಟೋ ಕಡೆ ಪಟ್ಟೆದಾರರು ತೀರಿಕೊಂಡು ಮೂವತ್ತು ವರ್ಷ ಆಗಿರುತ್ತದೆ, ಹೆಸರು ಹಾಗೇ ಉಳಿದಿರುತ್ತದೆ. ಅನುಭವದಲ್ಲಿ ತೋಟ ನಾಲ್ಕು ಪಾಲಾಗಿರುತ್ತದೆ, ಕಾಗದದಲ್ಲಿ ಒಂದೇ. ಹೀಗಿರುವಾಗ ಒಬ್ಬ ಪಾಲುದಾರ ಮಾತ್ರ ಕಂಪನಿಗೆ ಬಾಡಿಗೆ ಕರಾರು ಬರೆದುಕೊಟ್ಟರೆ, ಉಳಿದವರ ಒಪ್ಪಿಗೆ ಎಲ್ಲಿ ಅನ್ನುವ ಪ್ರಶ್ನೆ ಬರುತ್ತದೆ.

ಆ ಊರಲ್ಲಿ ಆದದ್ದು ಇದೇ. ಪಹಣಿಯಲ್ಲಿ ಆರು ಹೆಸರು. ಕರಾರಿನಲ್ಲಿ ಒಂದೇ ಸಹಿ. ಸಹಿ ಹಾಕಿದವರ ತಂಗಿ ಬೆಂಗಳೂರಿನಲ್ಲಿದ್ದರು, ಅವರಿಗೆ ವಿಷಯವೇ ಗೊತ್ತಿರಲಿಲ್ಲ. ಅವರು ಬಂದು ಪಹಣಿಯ ಪ್ರತಿಯನ್ನು ಐನ್‌ಮನೆಯ (ಒಕ್ಕದ ಮೂಲ ಮನೆಯ) ಮೇಜಿನ ಮೇಲೆ ಇಟ್ಟು, ತನ್ನ ಹೆಸರಿನ ಮೇಲೆ ಬೆರಳಿಟ್ಟು, ಅಣ್ಣನ ಕಡೆ ನೋಡಿದರು. ‘ನನ್ನನ್ನು ಒಂದು ಮಾತು ಕೇಳಬಹುದಿತ್ತಲ್ಲಾ ಅಣ್ಣ’ ಅಂದರು ಅಷ್ಟೇ. ದಾವೆಯನ್ನು ಊರಿನವರು ಹಾಕಲಿಲ್ಲ, ಆ ತಂಗಿ ಹಾಕಿದರು. ಪಾಲುದಾರರೇ ಬಂದರೆ ಅದು ಆಸ್ತಿಯ ಹಕ್ಕಿನ ಪ್ರಶ್ನೆ. ನೆರೆಯವರು ಹಾಕಿದರೆ ಅದು ಬರೀ ತಕರಾರು. ಈ ವ್ಯತ್ಯಾಸ ದೊಡ್ಡದು.

ಒಂದು ಎಚ್ಚರಿಕೆಯನ್ನೂ ಹೇಳಬೇಕು. ಮನೆಯೊಳಗಿನ ಹಳೇ ಜಗಳಕ್ಕೆ ಟವರನ್ನು ನೆಪ ಮಾಡಿಕೊಳ್ಳುವವರು ಇರುತ್ತಾರೆ. ಹಾಗೆ ಹಾಕಿದ ಕೇಸು ಟವರಿಗಿಂತ ಹೆಚ್ಚು ವರ್ಷ ಬಾಳುತ್ತದೆ. ಅಣ್ಣ ತಂಗಿ ಮಾತು ಬಿಟ್ಟರೆ ಊರಿಗೆ ಅದರಿಂದ ಲಾಭ ಇಲ್ಲ. ಮೊದಲು ಕೂತು ಮಾತಾಡಲು ಎಲ್ಲ ಪ್ರಯತ್ನ ಮಾಡಿ.

ಪಹಣಿಯ ಜೊತೆ ಇನ್ನೂ ಕೆಲವು ನೋಡಬೇಕು. ಬಾಡಿಗೆ ಕರಾರು ಒಂದು ವರ್ಷಕ್ಕಿಂತ ಜಾಸ್ತಿ ಅವಧಿಗೆ ಇದ್ದರೆ ಅದು ನೋಂದಣಿ ಆಗಲೇಬೇಕು. ಉಪ ನೋಂದಣಿ ಕಚೇರಿಯಲ್ಲಿ ಋಣಭಾರ ಪತ್ರ, ಅಂದರೆ ಇ.ಸಿ. ತೆಗೆಸಿದರೆ ಕರಾರು ಇದೆಯಾ ಗೊತ್ತಾಗುತ್ತದೆ. ಕೃಷಿ ಜಮೀನನ್ನು ಬೇರೆ ಕೆಲಸಕ್ಕೆ ಬಳಸಲು ಭೂ ಕಂದಾಯ ಕಾಯ್ದೆಯ 95ನೇ ಕಲಮಿನಲ್ಲಿ ಪರಿವರ್ತನೆಯ ವಿಧಾನ ಇದೆ. ಆ ಪ್ರಶ್ನೆಯನ್ನು ತಹಶೀಲ್ದಾರರಿಗೆ ಬರವಣಿಗೆಯಲ್ಲಿ ಕೇಳಿ. ಜಾಗ ಪೈಸಾರಿ ಆಗಿದ್ದರೆ ಅದು ಸರ್ಕಾರದ್ದು. ಅನುಭವದಲ್ಲಿದ್ದೇನೆ ಅಂದ ಮಾತ್ರಕ್ಕೆ ಯಾರೂ ಅದನ್ನು ಬಾಡಿಗೆಗೆ ಕೊಡಲಾಗದು. ಅನುಮತಿ ಬೇಕಾದ ಜಾತಿಯ ಮರ ಕಡಿಯುವುದಾದರೆ ಅರಣ್ಯ ಇಲಾಖೆಯ ಅನುಮತಿ ಪಡೆದಿದ್ದಾರಾ ಕೇಳಿ. ಗುರುತು ಹಾಕಿದ ಮರಗಳ ಫೋಟೋ ಕಡಿಯುವ ಮುಂಚೆಯೇ ತೆಗೆದಿಡಿ.

ದೇವರಕಾಡು ಅಥವಾ ಅರಣ್ಯದ ಅಂಚಿನ ಜಾಗವಾದರೆ ಇನ್ನೂ ಗಟ್ಟಿ ಕಾನೂನು ಇದೆ. ಅರಣ್ಯ ಜಮೀನನ್ನು ಬೇರೆ ಕೆಲಸಕ್ಕೆ ಬಳಸಲು 1980ರ ಅರಣ್ಯ ಸಂರಕ್ಷಣಾ ಕಾಯ್ದೆಯ ಪ್ರಕಾರ ಕೇಂದ್ರದ ಒಪ್ಪಿಗೆ ಬೇಕು. ನಾಗರಹೊಳೆ, ಬ್ರಹ್ಮಗಿರಿ, ಪುಷ್ಪಗಿರಿ, ತಲಕಾವೇರಿ ಅರಣ್ಯಗಳ ಸುತ್ತಲಿನ ಊರಾದರೆ ಪರಿಸರ ಸೂಕ್ಷ್ಮ ವಲಯದ ಅಧಿಸೂಚನೆಯನ್ನು ತೆಗೆದು ಓದಿ. ಇಂಥ ಅಧಿಸೂಚನೆಗಳಲ್ಲಿ ಸಂಪರ್ಕ ಟವರ್ ಕಟ್ಟುವುದನ್ನು ಸಾಮಾನ್ಯವಾಗಿ ನಿಯಂತ್ರಿತ ಚಟುವಟಿಕೆಗಳ ಪಟ್ಟಿಯಲ್ಲಿ ಹಾಕಿರುತ್ತಾರೆ. ಸರ್ವೆ ನಂಬರ್ ಆ ವಲಯದ ಒಳಗೆ ಇದೆಯಾ ಅಂತ ವಲಯ ಅರಣ್ಯಾಧಿಕಾರಿಯಿಂದ ಬರವಣಿಗೆಯಲ್ಲಿ ಪಡೆಯಿರಿ.

ಹೆಜ್ಜೆ 4: ಬರೆಯನ್ನು ನೋಡಿ

2018, 2019, 2020, ಸಾಲಾಗಿ ಮೂರು ಮಳೆಗಾಲ ನಮ್ಮ ಬೆಟ್ಟಗಳು ಜಾರಿವೆ. ಮಕ್ಕಂದೂರು, ಜೋಡುಪಾಲ, ತೋರ, ತಲಕಾವೇರಿಯ ಬೆಟ್ಟ. ಜಿಲ್ಲೆಯ ಯಾವ ಅಧಿಕಾರಿಗೂ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಆದ್ದರಿಂದ ಇಳಿಜಾರಿನಲ್ಲಿ ಜೆಸಿಬಿ ತಂದು ಮಣ್ಣು ತೆಗೆದು ಮಟ್ಟ ಮಾಡುವ ಕೆಲಸ ನಡೆಯುತ್ತಿದ್ದರೆ, ವಿಕಿರಣದ ಬಗ್ಗೆ ನೂರು ಪುಟ ಬರೆಯುವ ಬದಲು ಈ ಒಂದು ವಿಷಯಕ್ಕೆ ಒಂದು ಪುಟ ಬರೆಯಿರಿ.

ಏನು ಬರೆಯಬೇಕು? ಕಡಿದ ಬರೆ ಎಷ್ಟು ಅಡಿ ಎತ್ತರ. ಅದರ ಕೆಳಗೆ ಎಷ್ಟು ಮನೆ, ಲೈನ್ ಮನೆ (ತೋಟದ ಕಾರ್ಮಿಕರ ಸಾಲು ಮನೆ), ರಸ್ತೆ ಇದೆ. ಮಳೆ ನೀರು ಈಗ ಯಾವ ಕಡೆ ಹರಿಯುತ್ತದೆ, ಮಣ್ಣು ತೆಗೆದ ಮೇಲೆ ಯಾವ ಕಡೆ ಹರಿಯುತ್ತದೆ. ಎರಡನೇ ಊರಲ್ಲಿ ಜೂನ್ ಮೊದಲ ವಾರ ಒಬ್ಬ ಹುಡುಗ ಮೊಬೈಲಿನಲ್ಲಿ ವೀಡಿಯೋ ಮಾಡಿದ. ಅಗೆದ ಗುಂಡಿಯಿಂದ ಕೆಂಪು ನೀರು ಕಾಫಿ ಗಿಡದ ಸಾಲಿನ ಮಧ್ಯೆ ಇಳಿದು ಕೆಳಗಿನ ಮನೆಯ ಹಿತ್ತಲಿಗೆ ಬರುತ್ತಿತ್ತು. ಹಿತ್ತಲಿನ ಒಲೆಯ ಪಕ್ಕ ಇಟ್ಟಿದ್ದ ಸೌದೆ ಅರ್ಧ ಮುಳುಗಿತ್ತು. ನಲವತ್ತು ಸೆಕೆಂಡಿನ ವೀಡಿಯೋ. ಅದನ್ನು ನೋಡಿದ ಮೇಲೆ ಅಧಿಕಾರಿಗಳು ಸ್ಥಳಕ್ಕೆ ಬಂದರು.

ಮಳೆಗಾಲದಲ್ಲಿ ಮಣ್ಣು ಅಗೆಯುವ ಕೆಲಸಕ್ಕೆ ಜಿಲ್ಲಾಧಿಕಾರಿ ನಿರ್ಬಂಧ ಹಾಕುವುದುಂಟು. ಆ ವರ್ಷದ ಆದೇಶ ಇದ್ದರೆ ಅದರ ಪ್ರತಿ ಇಟ್ಟುಕೊಳ್ಳಿ. ಜಿಲ್ಲಾಧಿಕಾರಿಯೇ ಜಿಲ್ಲಾ ವಿಪತ್ತು ನಿರ್ವಹಣಾ ಪ್ರಾಧಿಕಾರದ ಅಧ್ಯಕ್ಷರು. ಅರ್ಜಿಯನ್ನು ಆ ಹೆಸರಿಗೆ ಬರೆಯಿರಿ. ಮಣ್ಣು ಪರೀಕ್ಷೆಯ ವರದಿ ಮತ್ತು ಟವರಿನ ಭದ್ರತೆಯ ಪ್ರಮಾಣಪತ್ರ ಹಾಜರು ಮಾಡಿಸಲು ಕೇಳಿ.

ಹೆಜ್ಜೆ 5: ಪಂಚಾಯಿತಿಗೆ ತಕರಾರು, ಜೊತೆಗೆ ಮಾಹಿತಿ ಹಕ್ಕು

ಎರಡನ್ನೂ ಒಂದೇ ದಿನ ಕೊಡಿ. ತಕರಾರು ಅರ್ಜಿ ಪಂಚಾಯಿತಿ ಅಭಿವೃದ್ಧಿ ಅಧಿಕಾರಿ, ಅಂದರೆ ಪಿಡಿಒ ಹೆಸರಿಗೆ. ಒಂದು ಪ್ರತಿಗೆ ಮುದ್ರೆ, ತಾರೀಖು, ಸಹಿ ಹಾಕಿಸಿಕೊಳ್ಳಿ. ‘ಆಮೇಲೆ ಕೊಡ್ತೇವೆ’ ಅಂದರೆ ಅಲ್ಲೇ ನಿಲ್ಲಿ, ಇಲ್ಲವಾದರೆ ಅಂಚೆಯಲ್ಲಿ ರಿಜಿಸ್ಟರ್ ಮಾಡಿ. ನೀವು ಯಾವತ್ತು ಎಚ್ಚೆತ್ತಿರಿ ಅನ್ನುವುದಕ್ಕೆ ಆ ಮುದ್ರೆಯೇ ಸಾಕ್ಷಿ.

ಮಾಹಿತಿ ಹಕ್ಕಿನ ಅರ್ಜಿಗೆ 10 ರೂಪಾಯಿ ಶುಲ್ಕ, ಉತ್ತರಕ್ಕೆ 30 ದಿನ. ಕರ್ನಾಟಕದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದ ಮೀರಬಾರದು. ಉದ್ದ ಬರೆದರೆ ಅದೇ ಕಾರಣಕ್ಕೆ ವಾಪಸ್ ಬರುತ್ತದೆ. ಇಷ್ಟು ಕೇಳಿದರೆ ಸಾಕು: ಇಂಥ ಸರ್ವೆ ನಂಬರಿನ ಟವರಿಗೆ ಕಂಪನಿ ಕೊಟ್ಟ ಅರ್ಜಿ ಅಥವಾ ತಿಳಿವಳಿಕೆ ಪತ್ರ, ಅದರ ಜೊತೆಗಿನ ಎಲ್ಲ ದಾಖಲೆ, ಪಂಚಾಯಿತಿ ಸಭೆಯ ನಡಾವಳಿ, ಕೊಟ್ಟ ಅನುಮತಿಯ ಪ್ರತಿ.

ಪಂಚಾಯಿತಿಯ ಕೈಯಲ್ಲಿ ಎಷ್ಟು ಅಧಿಕಾರ ಇದೆ ಅನ್ನುವುದರಲ್ಲಿ ಜನರಿಗೆ ತಪ್ಪು ಕಲ್ಪನೆ ಇದೆ. ‘ಗ್ರಾಮ ಸಭೆ ಬೇಡ ಅಂದರೆ ಮುಗಿಯಿತು’ ಅಂದುಕೊಳ್ಳುತ್ತಾರೆ. ಹಾಗಿಲ್ಲ. 2023ರ ದೂರಸಂಪರ್ಕ ಕಾಯ್ದೆ ಬಂದ ಮೇಲೆ, ಅದರಡಿಯ ಹೊಸ ನಿಯಮ 2025ರ ಜನವರಿ 1ರಿಂದ ಜಾರಿಗೆ ಬಂದ ಮೇಲೆ, ಕೇಂದ್ರದ ಕಾನೂನಿನ ಕೈ ಮೇಲಾಗಿದೆ. 2016ರ ನಿಯಮದಲ್ಲೇ, ಅರ್ಜಿಗೆ 60 ದಿನದೊಳಗೆ ತೀರ್ಮಾನ ಕೊಡದಿದ್ದರೆ ಅನುಮತಿ ಕೊಟ್ಟ ಹಾಗೇ ಅಂತ ಇತ್ತು. ಗಡುವು ಮೀರಿದರೆ ಒಪ್ಪಿಗೆ ಎಂಬ ಆ ತತ್ವ ಈಗಲೂ ಇದೆ. ಅಂದರೆ ಪಂಚಾಯಿತಿಯವರು ಜನರಿಗೆ ಹೆದರಿ ಕಡತವನ್ನು ಮೂಲೆಗಿಟ್ಟರೆ ಗೆಲ್ಲುವುದು ಕಂಪನಿ. ಖಾಸಗಿ ಜಾಗಕ್ಕೆ ಆ 2016ರ ನಿಯಮದ 2022ರ ತಿದ್ದುಪಡಿಯಿಂದಲೇ ಕಂಪನಿಗಳಿಗೆ ದಾರಿ ಸಲೀಸಾಗಿದೆ.

ಹಾಗಂತ ಪಂಚಾಯಿತಿಗೆ ಹೋಗುವುದು ವ್ಯರ್ಥ ಅಲ್ಲ. ಕಾರಣ ಬರೆದು, ಕಂಪನಿಗೆ ನೋಟಿಸ್ ಕೊಟ್ಟು, ಅವರ ಮಾತೂ ಕೇಳಿ ಮಾಡಿದ ಆದೇಶ ನಿಲ್ಲುತ್ತದೆ. ಒಂದು ಸಾಲಿನ ‘ಸಾರ್ವಜನಿಕರ ವಿರೋಧ ಇರುವುದರಿಂದ ರದ್ದು’ ಅನ್ನುವ ನಿರ್ಣಯ ಹೈಕೋರ್ಟಿನಲ್ಲಿ ಹತ್ತು ನಿಮಿಷ ನಿಲ್ಲುವುದಿಲ್ಲ. ಪಂಚಾಯಿತಿ ಆದೇಶ ನಿಮಗೆ ವಿರುದ್ಧವಾದರೆ ಪಂಚಾಯತ್ ರಾಜ್ ಕಾಯ್ದೆಯ 269ನೇ ಕಲಮಿನಲ್ಲಿ ಮೇಲ್ಮನವಿಗೆ ಅವಕಾಶ ಇದೆ. ಅದನ್ನು ಬಿಟ್ಟು ನೇರ ಹೈಕೋರ್ಟಿಗೆ ಹೋದರೆ ‘ಮೊದಲು ಅಲ್ಲಿಗೆ ಹೋಗಿ’ ಅನ್ನಬಹುದು.

ಹೆಜ್ಜೆ 6: ಜಿಲ್ಲಾಧಿಕಾರಿ

ಮಡಿಕೇರಿಗೆ ಒಂದು ದಿನ ಇಟ್ಟುಕೊಳ್ಳಿ. ಹೊಸ ಕಾಯ್ದೆಯಲ್ಲಿ ಟವರ್, ಕೇಬಲ್ ಹಾಕುವ ಜಾಗದ ವ್ಯಾಜ್ಯ ತೀರ್ಮಾನ ಮಾಡುವ ಅಧಿಕಾರವನ್ನು ಜಿಲ್ಲಾಧಿಕಾರಿಗೆ ಕೊಟ್ಟಿದ್ದಾರೆ. ಪರಿಹಾರದ ಹಣದ ಪ್ರಶ್ನೆ ಜಿಲ್ಲಾ ನ್ಯಾಯಾಧೀಶರ ಮುಂದೆ ಹೋಗುತ್ತದೆ. ಹೋಗುವಾಗ ಐವತ್ತು ಜನ ಬೇಡ. ಐದು ಜನ ಸಾಕು. ಅದರಲ್ಲಿ ಇಬ್ಬರು ಹೆಂಗಸರು, ಕೆಳಗಿನ ಮನೆಯವರು ಇರಲಿ. ಪಹಣಿ, ನಕ್ಷೆ, ಫೋಟೋ, ಬದಲಿ ಜಾಗದ ಸರ್ವೆ ನಂಬರ್ ಎಲ್ಲ ಒಂದೇ ಫೈಲಿನಲ್ಲಿ, ಪುಟ ಸಂಖ್ಯೆ ಹಾಕಿ ಕೊಡಿ.

ಹೆಜ್ಜೆ 7: ಕೋರ್ಟ್

ಇಷ್ಟೆಲ್ಲ ಆದ ಮೇಲೂ ಕೆಲಸ ನಿಲ್ಲದಿದ್ದರೆ ಮಾತ್ರ. ಮಡಿಕೇರಿ, ವಿರಾಜಪೇಟೆ, ಸೋಮವಾರಪೇಟೆ, ನಿಮ್ಮ ಊರು ಯಾವ ವ್ಯಾಪ್ತಿಗೆ ಬರುತ್ತದೋ ಅಲ್ಲಿನ ಸಿವಿಲ್ ಕೋರ್ಟಿನಲ್ಲಿ ದಾವೆ, ಜೊತೆಗೆ ತಾತ್ಕಾಲಿಕ ತಡೆಯಾಜ್ಞೆಗೆ ಅರ್ಜಿ. ತಡೆಯಾಜ್ಞೆ ಕೊಡುವಾಗ ನ್ಯಾಯಾಧೀಶರು ಮೂರು ವಿಷಯ ನೋಡುತ್ತಾರೆ. ಮೇಲ್ನೋಟಕ್ಕೆ ನಿಮ್ಮ ಕೇಸಿನಲ್ಲಿ ಹುರುಳಿದೆಯಾ? ತಡೆ ಕೊಟ್ಟರೆ ಅವರಿಗೆ ಆಗುವ ತೊಂದರೆ ದೊಡ್ಡದೋ, ಕೊಡದಿದ್ದರೆ ನಿಮಗೆ ಆಗುವುದು ದೊಡ್ಡದೋ? ಆಗುವ ಹಾನಿ ಆಮೇಲೆ ಹಣದಿಂದ ತುಂಬಿಕೊಡಲಾಗದಂಥದ್ದಾ?

ನಮ್ಮ ಕೇಸು ಬಿದ್ದದ್ದು ಯಾಕೆ ಅಂತ ಬಹಳ ದಿನ ನಮಗೆ ಅರ್ಥವಾಗಿರಲಿಲ್ಲ. ನಿರ್ದಿಷ್ಟ ಪರಿಹಾರ ಕಾಯ್ದೆಗೆ 2018ರಲ್ಲಿ ತಿದ್ದುಪಡಿ ಆಯಿತು, ಆ ವರ್ಷ ಅಕ್ಟೋಬರ್ 1ರಿಂದ ಜಾರಿ. ಅದರ 41ನೇ ಕಲಮಿಗೆ ‘ಎಚ್‌ಎ’ ಅಂತ ಒಂದು ಉಪಕಲಂ ಸೇರಿಸಿದರು. ಮೂಲಸೌಕರ್ಯ ಯೋಜನೆಗೆ ಅಡ್ಡಿ ಅಥವಾ ತಡ ಆಗುವ ಹಾಗಿದ್ದರೆ ಕೋರ್ಟ್ ತಡೆಯಾಜ್ಞೆ ಕೊಡುವಂತಿಲ್ಲ ಅನ್ನುತ್ತದೆ ಅದು. ಆ ಯೋಜನೆಗಳ ಪಟ್ಟಿಯಲ್ಲಿ ದೂರಸಂಪರ್ಕ ಟವರ್ ಅಂತ ಸ್ಪಷ್ಟವಾಗಿ ಬರೆದಿದ್ದಾರೆ. ಹಾಗಾಗಿ ವಕೀಲರ ಹತ್ತಿರ ಮೊದಲ ದಿನವೇ ಕೇಳಿ: ‘ಸರ್, 41 ಎಚ್‌ಎಗೆ ನಮ್ಮ ಉತ್ತರ ಏನು?’ ಪಾಲುದಾರರ ಒಪ್ಪಿಗೆ ಇಲ್ಲದ ಜಾಗ, ಅರಣ್ಯ ಜಾಗ, ಅನುಮತಿಯೇ ಇಲ್ಲದ ಕಾಮಗಾರಿ, ಕುಸಿಯುವ ಬರೆ. ಇವುಗಳಲ್ಲಿ ಒಂದಾದರೂ ಕಾಗದದ ಸಮೇತ ನಿಮ್ಮ ಕೈಯಲ್ಲಿ ಇರಬೇಕು. ಇಲ್ಲವಾದರೆ ಹಣ ಖರ್ಚು ಮಾಡಬೇಡಿ ಅಂತ ನಾನು ನೇರವಾಗಿ ಹೇಳುತ್ತೇನೆ.

ಕಂಪನಿ ಮೊದಲೇ ಕೇವಿಯಟ್, ಅಂದರೆ ‘ನಮ್ಮ ಮಾತು ಕೇಳದೆ ಆದೇಶ ಕೊಡಬೇಡಿ’ ಅನ್ನುವ ಅರ್ಜಿ ಹಾಕಿದೆಯಾ ಅಂತ ವಕೀಲರ ಮೂಲಕ ವಿಚಾರಿಸಿ. ಅದು 90 ದಿನ ಜೀವಂತ ಇರುತ್ತದೆ. ಹಾಕಿದ್ದರೆ ಅವರ ಮಾತು ಕೇಳದೆ ನಿಮಗೆ ತಡೆಯಾಜ್ಞೆ ಸಿಗುವುದಿಲ್ಲ. ಸರ್ಕಾರವನ್ನೂ ಪ್ರತಿವಾದಿ ಮಾಡುವುದಾದರೆ ಸಾಮಾನ್ಯವಾಗಿ ಎರಡು ತಿಂಗಳ ನೋಟಿಸ್ ಕೊಡಬೇಕು. ತುರ್ತು ಅಂತ ತೋರಿಸಿ ಕೋರ್ಟಿನ ಅನುಮತಿ ಪಡೆದರೆ ಕಾಯಬೇಕಿಲ್ಲ.

ಅಧಿಕಾರಿಯ ಆದೇಶವನ್ನೇ ಪ್ರಶ್ನಿಸುವುದಾದರೆ ಹೈಕೋರ್ಟಿನಲ್ಲಿ ರಿಟ್ ಅರ್ಜಿ. ಕೊಡಗಿನ ಕೇಸುಗಳು ಬೆಂಗಳೂರು ಪೀಠಕ್ಕೆ ಹೋಗುತ್ತವೆ. ಖರ್ಚಿನ ಚಿಂತೆ ಇರುವವರಿಗೆ ಮಡಿಕೇರಿಯ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ಇದೆ. ಹೆಂಗಸರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ವಿಪತ್ತಿನಲ್ಲಿ ನೊಂದವರು ಉಚಿತ ವಕೀಲರನ್ನು ಪಡೆಯಬಹುದು. ಹಾಡಿಯ (ಆದಿವಾಸಿಗಳ ವಸತಿಯ) ಜನರಿಗೆ ಇದು ಎಷ್ಟೋ ಸಲ ಗೊತ್ತೇ ಇರುವುದಿಲ್ಲ. ಗೊತ್ತಿರುವವರು ಜೊತೆಗೆ ಹೋಗಿ ಬನ್ನಿ.

ಮಾಡಲೇಬಾರದ್ದು

ಕೇಬಲ್ ಕತ್ತರಿಸುವುದು, ಗೇಟಿಗೆ ಬೀಗ ಹಾಕುವುದು, ಕೆಲಸದವರನ್ನು ಬೆದರಿಸುವುದು. ಕೋಪ ಬರುತ್ತದೆ, ಗೊತ್ತು. ಆದರೆ ಟವರಿಗೆ ಹಾನಿ ಮಾಡಿದರೆ ಕ್ರಿಮಿನಲ್ ಕೇಸು ಆಗುತ್ತದೆ, ಲಕ್ಷಗಳಲ್ಲಿ ದಂಡ ಬೀಳಬಹುದು. ಓಡುತ್ತಿರುವ ಟವರನ್ನು ಬಂದ್ ಮಾಡಲು ಪಂಚಾಯಿತಿಗೂ ಕೇಂದ್ರದ ಅಧಿಕಾರಿಯ ಒಪ್ಪಿಗೆ ಇಲ್ಲದೆ ಆಗುವುದಿಲ್ಲ. ಅಲ್ಲಿ ದುಡಿಯುವ ಹುಡುಗರು ಹೊಟ್ಟೆಪಾಡಿಗೆ ಬಂದವರು, ಅವರಿಗೆ ಈ ಜಗಳ ಸಂಬಂಧ ಇಲ್ಲ.

ಜಾಗ ಕೊಡುವವರಿಗೂ ಒಂದು ಮಾತು. ‘ನಿಮ್ಮ ತೋಟದಲ್ಲಿ ಟವರ್ ಹಾಕ್ತೇವೆ, ಮೊದಲು ಇಷ್ಟು ಹಣ ಕಟ್ಟಿ’ ಅಂತ ಫೋನ್ ಬಂದರೆ ಅದು ಮೋಸ. ಟವರ್ ಹಾಕುವವರು ಜಾಗದವರಿಗೆ ಬಾಡಿಗೆ ಕೊಡುತ್ತಾರೆಯೇ ಹೊರತು ಕೇಳುವುದಿಲ್ಲ. ಅವರು ಒಪ್ಪಿಗೆ ಪತ್ರ ತೋರಿಸಿದರೂ ನಂಬಬೇಡಿ, ಟ್ರಾಯ್ (ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರ) ಅಥವಾ ದೂರಸಂಪರ್ಕ ಇಲಾಖೆ ಅಂಥ ಪತ್ರ ಕೊಡುವುದೇ ಇಲ್ಲ.

ಹೆಜ್ಜೆ 8: ರಾಜಿ ಆದರೆ ಬರವಣಿಗೆಯಲ್ಲಿ ಆಗಲಿ

ಎರಡನೇ ಊರಲ್ಲಿ ಕೊನೆಗೆ ಆದದ್ದು ರಾಜಿ. ಕೇಸು ನಾಲ್ಕು ತಿಂಗಳು ನಡೆಯಿತು. ಆ ನಾಲ್ಕು ತಿಂಗಳಲ್ಲಿ ಕಂಪನಿಯವರಿಗೂ ಬೇಸರ ಬಂದಿತ್ತು. ಊರಿನವರೇ ಮೇಲಿನ ಮಟ್ಟಸ ಜಾಗ ತೋರಿಸಿದ್ದರು. ಹಳೇ ಕಾಫಿ ಕಣದ ಪಕ್ಕ, ಮಣ್ಣು ಕಡಿಯುವ ಕೆಲಸ ಕಡಿಮೆ, ಜೀಪು ಹೋಗುವ ದಾರಿ ಇದೆ. ಎತ್ತರದ ಜಾಗ ಆದ್ದರಿಂದ ಎರಡು ಊರಿಗೆ ಹೆಚ್ಚು ರೇಂಜ್ ಸಿಗುತ್ತದೆ ಅಂತ ಕಂಪನಿಯ ಇಂಜಿನಿಯರೇ ಒಪ್ಪಿದರು.

ರಾಜಿಯನ್ನು ಬಾಯಿ ಮಾತಲ್ಲಿ ಬಿಡಬೇಡಿ. ಕೇಸು ನಡೆಯುತ್ತಿದ್ದರೆ ರಾಜಿ ಅರ್ಜಿಯನ್ನು ಕೋರ್ಟಿಗೇ ಸಲ್ಲಿಸಿ, ಅದರ ಮೇಲೆ ಡಿಕ್ರಿ (ಕೋರ್ಟಿನ ತೀರ್ಪಿನ ಆದೇಶ) ಪಡೆಯಿರಿ. ನಾಳೆ ಮಾತು ತಪ್ಪಿದರೆ ಆ ಡಿಕ್ರಿಯನ್ನೇ ಜಾರಿ ಮಾಡಿಸಬಹುದು. ಅದರಲ್ಲಿ ಹೊಸ ಜಾಗದ ಸರ್ವೆ ನಂಬರ್ ಮತ್ತು ಅಳತೆ ಇರಲಿ. ಹಳೇ ಗುಂಡಿ ಮುಚ್ಚಿ ತಡೆಗೋಡೆ ಕಟ್ಟಿಕೊಡುವ ತಾರೀಖು ಇರಲಿ. ಮಳೆ ನೀರಿಗೆ ಚರಂಡಿ, ಟವರ್ ಶುರುವಾದ ಮೇಲೆ ಎದುರಿನ ಮನೆಗಳಲ್ಲಿ ವಿಕಿರಣ ಅಳತೆ, ಕರೆಂಟ್ ಹೋದಾಗ ಎಷ್ಟು ಗಂಟೆ ಟವರ್ ಓಡಬೇಕು, ಇದೆಲ್ಲ ಸೇರಿಸಿ. ಮಳೆಗಾಲದಲ್ಲಿ ಮರ ಬಿದ್ದು ಮೂರು ದಿನ ಕರೆಂಟ್ ಇಲ್ಲದಿದ್ದರೆ ಟವರೂ ಸತ್ತು ಹೋಗುತ್ತದೆ. ನಮಗೆ ಅದು ಬೇಕಾಗುವುದೇ ಆ ಮೂರು ದಿನ.

ಜನರೇಟರ್ ವಿಷಯವನ್ನು ಮಾತ್ರ ಆ ಊರಿನವರೂ ಮರೆತರು, ನಮ್ಮೂರಲ್ಲಿ ನಾವೂ ಮರೆತಿದ್ದೆವು. ವಸತಿ ಪ್ರದೇಶದಲ್ಲಿ ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ಶಬ್ದದ ಮಿತಿ 45 ಡೆಸಿಬಲ್, ಹಗಲು 55. ನಮ್ಮೂರ ಟವರಿನ ಜನರೇಟರ್ ಒಂದು ಮನೆಯ ಮಲಗುವ ಕೋಣೆಯ ಕಡೆ ಮುಖ ಮಾಡಿ ನಿಂತಿದೆ. ಆ ಮನೆಯ ಅಜ್ಜಿಗೆ ಎಂಬತ್ತು ದಾಟಿದೆ. ಕರೆಂಟ್ ಹೋದ ರಾತ್ರಿ ಅವರು ಹಾಸಿಗೆ ಎತ್ತಿಕೊಂಡು ಅಡುಗೆ ಮನೆಗೆ ಹೋಗಿ ಮಲಗುತ್ತಾರೆ. ಜನರೇಟರ್ ಯಾವ ದಿಕ್ಕಿಗೆ, ಯಾವ ಮನೆಯಿಂದ ಎಷ್ಟು ಮೀಟರ್ ದೂರ, ಶಬ್ದ ತಡೆಯುವ ಪೆಟ್ಟಿಗೆ ಯಾವತ್ತಿನೊಳಗೆ ಹಾಕುತ್ತಾರೆ ಅನ್ನುವುದನ್ನು ನೀವು ರಾಜಿ ಪತ್ರದ ಮೊದಲ ಪುಟದಲ್ಲೇ ಬರೆಸಿ.